ಗೋಧಿ ಸೋಕದ ಸಾಸೇಜು

ನಾನು ಮಾಡಿದ ಮೊದಲ ಸಾಸೇಜು ಬಾಣಲೆಗೆ ಬಿದ್ದ ಎರಡೇ ನಿಮಿಷಕ್ಕೆ ಬಿಚ್ಚಿಕೊಂಡು ಕೈಮಾ ಆಯಿತು. ಅತ್ತೆ ಅಡುಗೆಮನೆಯ ಬಾಗಿಲಲ್ಲಿ ನಿಂತು ನೋಡುತ್ತಿದ್ದರು. “ಕೋಳಿನ ಅರೆದೆ, ಉಂಡೆ ಮಾಡ್ದೆ, ಉದ್ದ ಮಾಡ್ದೆ, ಕೊನೆಗೆ ಪುಡಿ ಮಾಡ್ಬುಟ್ಟೆ. ಸಾರು ಮಾಡಿದ್ರೆ ಇಷ್ಟೊತ್ಗೆ ಉಂಡು ಕೈ ತೊಳ್ಕೊಂತಿದ್ವಲ್ಲಮ್ಮ” ಅಂದರು. ಅವರ ಮಾತು ನ್ಯಾಯವಾಗಿಯೇ ಇತ್ತು. ಆದರೂ ನನಗೆ ಮೈಯೆಲ್ಲ ಉರಿದುಹೋಯಿತು.

ಹೊಸೂರಿನ ನಮ್ಮ ಮನೆಯ ಹಿತ್ತಲಿಗೆ ಸೇರಿಕೊಂಡಂತೆ ನನ್ನದೊಂದು ಸಣ್ಣ ಅಡುಗೆ ಕೋಣೆ ಇದೆ. ಹೇಳಿದವರಿಗೆ ಊಟ ಮಾಡಿ ಕಳಿಸುತ್ತೇನೆ. ಸಕ್ಕರೆ ಕಾಯಿಲೆಯವರು, ಉಪ್ಪು ಬಿಟ್ಟವರು, ಹಾಲು ಆಗದವರು, ಹೀಗೆ ಮನೆಯಲ್ಲಿ ಬೇರೆ ಅಡುಗೆ ಬೇಕಾದವರೇ ನನ್ನ ಹತ್ತಿರ ಬರುವುದು ಹೆಚ್ಚು. ಹಿಂದೆ ಫ್ಯಾಕ್ಟರಿ ಕ್ಯಾಂಟೀನಿನಲ್ಲಿ ಇದ್ದಾಗ ಕಲಿತ ಅಭ್ಯಾಸ ಒಂದಿದೆ: ಏನೇ ಮಾಡಿದರೂ ಅಳತೆ, ಶಾಖ, ಹೊತ್ತು ಮೂರನ್ನೂ ಬರೆದಿಡುತ್ತೇನೆ. ಆ ಅಭ್ಯಾಸದ ಮೇಲೆ ನನಗೆ ಸ್ವಲ್ಪ ಜಂಬವೂ ಇತ್ತು ಅಂತ ಈಗ ಒಪ್ಪಿಕೊಳ್ಳುತ್ತೇನೆ.

ಸಾಸೇಜು ಬೇಕೆಂದವಳು ಎರಡು ಬೀದಿ ಆಚೆಯ ಟೀಚರೊಬ್ಬರ ಮಗಳು, ಆರನೇ ಕ್ಲಾಸಿನ ಹುಡುಗಿ. ಗೋಧಿ ಒಂದು ಚಿಟಿಕೆ ಹೊಟ್ಟೆಗೆ ಹೋದರೂ ಕರುಳು ಕೆಡುವ ಕಾಯಿಲೆ ಅವಳಿಗೆ. ಕರುಳು ಸುಧಾರಿಸುವವರೆಗೆ ಹಾಲೂ ಬೇಡ, ಈರುಳ್ಳಿ ಬೆಳ್ಳುಳ್ಳಿ ತಿಂದರೆ ಹೊಟ್ಟೆ ಉಬ್ಬುವುದರಿಂದ ಅವೂ ಬೇಡ ಅಂದಿದ್ದರು ಡಾಕ್ಟರು. ಕಾಯಿಲೆ ಗೊತ್ತಾಗುವುದಕ್ಕೆ ಮುಂಚೆ ಎರಡು ವರ್ಷ ಏನು ತಿಂದರೂ ನೋವು ಪಟ್ಟವಳು. ಹಾಗಾಗಿ ಊಟ ಅಂದರೇ ಅವಳಿಗೆ ಹೆದರಿಕೆ. ಅನ್ನದ ಗಂಜಿ, ಬಾಳೆಹಣ್ಣು ಬಿಟ್ಟು ಬೇರೇನೂ ಮುಟ್ಟುತ್ತಿರಲಿಲ್ಲ. ತೂಕ ಇಳಿಯುತ್ತಲೇ ಇತ್ತು. ಮುಂದಿನ ಸಲ ತೋರಿಸುವಷ್ಟರಲ್ಲಿ ತೂಕ ಏರದಿದ್ದರೆ ಆಸ್ಪತ್ರೆಗೆ ಸೇರಿಸಲೇಬೇಕು ಅಂತ ಡಾಕ್ಟರು ಖಡಾಖಂಡಿತವಾಗಿ ಹೇಳಿದ್ದರು.

“ಅಕ್ಕಾ, ಮೊಟ್ಟೆ ಕೊಟ್ರೆ ಮುಖ ತಿರುಗಿಸ್ತಾಳೆ, ಬೇಳೆ ಕೊಟ್ರೆ ಅಳ್ತಾಳೆ” ಅಂದರು ಟೀಚರು, ನನ್ನ ಕೋಣೆಯ ಮೆಟ್ಟಿಲ ಮೇಲೆ ಕೂತು. “ಅವಳೇ ಬಾಯಿಬಿಟ್ಟು ಕೇಳಿರೋದು ಇದೊಂದೇ. ಕ್ಲಾಸಲ್ಲಿ ಫ್ರೆಂಡು ಟಿಫನ್ ಬಾಕ್ಸಲ್ಲಿ ತರ್ತಾಳಂತೆ, ಚಿಕನ್ ಸಾಸೇಜು. ಅಂಗಡಿದೆಲ್ಲ ನೋಡ್ದೆ. ಒಂದ್ರಲ್ಲಿ ಗೋಧಿ, ಒಂದ್ರಲ್ಲಿ ಹಾಲಿನ್ ಪುಡಿ, ಎಲ್ಲಾದ್ರಲ್ಲೂ ಬೆಳ್ಳುಳ್ಳಿ. ನಿಮ್ಮ ಕೈಲಿ ಆಯ್ತದಾ ಅಕ್ಕಾ?”

ಆಗುತ್ತದೆ ಅಂದುಬಿಟ್ಟೆ. ಸಾಸೇಜನ್ನು ಅಲ್ಲಿಯವರೆಗೆ ನಾನು ತಿಂದೂ ಇರಲಿಲ್ಲ.

ಕೈಮಾ ಆದ ಆ ಮೊದಲ ದಿನದ ತಪ್ಪು ಸುಲಭವಾಗಿ ಸಿಕ್ಕಿತು. ನಾನು ತೊಡೆಯ ಮಾಂಸವನ್ನು ಮಿಕ್ಸಿಯಲ್ಲಿ ಒಂದೇ ಸಮ ಅರೆದಿದ್ದೆ. ಜಾರು ಬಿಸಿಯಾಗಿತ್ತು, ಮಾಂಸದ ಜಿಡ್ಡು ಕರಗಿ ಬೇರೆಯಾಗಿತ್ತು. ಜಿಡ್ಡು ಬೇರೆಯಾದ ಮಾಂಸ ಎಷ್ಟು ಒತ್ತಿದರೂ ಅಂಟುವುದಿಲ್ಲ. ಎರಡನೇ ಸಲ ಮಾಂಸ, ಜಾರು, ಪಾತ್ರೆ ಎಲ್ಲವನ್ನೂ ಫ್ರೀಜರಿನಲ್ಲಿಟ್ಟು ಕೈ ಜೋಮು ಹಿಡಿಯುವಷ್ಟು ತಣ್ಣಗೆ ಮಾಡಿಕೊಂಡೆ. ಕಿಲೋ ಮಾಂಸಕ್ಕೆ ಹದಿನಾರು ಗ್ರಾಂ ಉಪ್ಪು. ಮಿಕ್ಸಿಯನ್ನು ತಿರುಗಿಸಿ ನಿಲ್ಲಿಸಿ, ತಿರುಗಿಸಿ ನಿಲ್ಲಿಸಿ, ನಡುವೆ ಐಸಿನ ಚೂರು ಹಾಕುತ್ತ ಅರೆದೆ. ಆಮೇಲೆ ಚಪಾತಿ ಹಿಟ್ಟಿನ ಹಾಗೆ ನಾದಿದೆ. ಹತ್ತು ನಿಮಿಷಕ್ಕೆ ಮಾಂಸ ಅಂಗೈಗೆ ಹತ್ತಿಕೊಂಡು ಅಂಗೈ ತಿರುಗಿಸಿದರೂ ಬೀಳದ ಹಾಗಾಯಿತು. ಬ್ರೆಡ್ ಪುಡಿ, ಗೋಧಿ ಯಾವುದೂ ಇಲ್ಲದೆ ಮಾಂಸ ತಾನಾಗಿಯೇ ಅಂಟಿಕೊಂಡಿದ್ದು ನೋಡಿ ನನಗಾದ ಖುಷಿ ಅಷ್ಟಿಷ್ಟಲ್ಲ.

ಹೊರಗಿನ ಸಿಪ್ಪೆಗೆ ಕುರಿಯ ಕರುಳು ತಂದು ನೋಡಿದೆ. ತೊಳೆಯುವಷ್ಟರಲ್ಲಿ ಅರ್ಧ ದಿನ ಹೋಯಿತು, ತುಂಬುವಾಗ ಎಲ್ಲ ಕಡೆ ಹರಿಯಿತು, ಮನೆಯೆಲ್ಲ ಬೋಟಿಯ ವಾಸನೆ. “ಆ ಮಗಾ ಇದ್ನ ಮೂಸಿದ್ರೆ ಗಂಜಿನೂ ಬುಟ್ಬುಡ್ತದೆ” ಅಂದರು ಅತ್ತೆ. ಕೊನೆಗೆ ಅವರೇ ದಾರಿ ತೋರಿಸಿದ್ದು. ಬಾಳೆ ಎಲೆಯನ್ನು ಉರಿಯ ಮೇಲೆ ಬಾಡಿಸಿ, ಅದರಲ್ಲಿ ಮಾಂಸವನ್ನು ಬೆರಳಿನ ಗಾತ್ರ ಸುತ್ತಿ, ಎರಡು ತುದಿಗೆ ನಾರು ಕಟ್ಟಿ ಹಬೆಯಲ್ಲಿ ಬೇಯಿಸಿದೆವು. ನಡುವಿಗೆ ಥರ್ಮಾಮೀಟರು ಚುಚ್ಚಿ ಎಪ್ಪತ್ತೈದು ಡಿಗ್ರಿ ದಾಟಿದ ಮೇಲೆ ಇಳಿಸಿದೆ. ಎಲೆ ಬಿಚ್ಚಿದರೆ ನುಣ್ಣಗೆ, ಉದ್ದಕ್ಕೆ, ಅಂಗಡಿಯದರ ಹಾಗೆಯೇ ಇತ್ತು. ಬಾಣಲೆಯಲ್ಲಿ ಹೊರಳಿಸಿದರೆ ಕೆಂಪಗೂ ಆಯಿತು.

ತಿಂದು ನೋಡಿದರೆ ಒಣ ಒಣ. ನೀರು ಹಿಡಿದುಕೊಳ್ಳುವುದಕ್ಕೆ ಏನಾದರೂ ಬೇಕಿತ್ತು. ರಾಗಿ ಹಿಟ್ಟನ್ನು ಗಟ್ಟಿ ಅಂಬಲಿ ಕಾಯಿಸಿ, ಆರಿಸಿ, ಮಾಂಸದ ಜೊತೆ ನಾದಿದೆ. ಒಣಕಲು ಹೋಯಿತು. ಆದರೂ ರುಚಿಯಲ್ಲಿ ಏನೋ ಕೊರತೆ. ಬೆಳ್ಳುಳ್ಳಿ ಬೇಡ ಅಂದಮೇಲೆ ನಮ್ಮ ಕಡೆಯ ಹೆಂಗಸರ ಕೈ ತಾನಾಗಿಯೇ ಇಂಗಿನ ಡಬ್ಬಿಗೆ ಹೋಗುತ್ತದೆ. ನನ್ನದೂ ಹೋಯಿತು. ಕಿಲೋಗೆ ಒಂದೂವರೆ ಚಮಚ ಇಂಗಿನ ಪುಡಿ, ಮೆಣಸು, ಶುಂಠಿ, ಧನಿಯ. ಅತ್ತೆಯೇ ಎರಡು ತಿಂದು ಮೂರನೆಯದಕ್ಕೆ ತಟ್ಟೆ ಒಡ್ಡಿದರು. ಇನ್ನು ಹುಡುಗಿಗೆ ಕೊಡಬಹುದು ಅಂದುಕೊಂಡೆ.

ಸಂಜೆ ಟೀಚರು ಬಂದು ಬಾಕ್ಸು ಒಯ್ದರು. ಹುಡುಗಿ ಮೂರು ತಿಂದಳಂತೆ, ನಕ್ಕಳಂತೆ. ಮಾರನೆಯ ಬೆಳಗ್ಗೆ ಫೋನು ಬಂತು. ರಾತ್ರಿಯೇ ಹೊಟ್ಟೆನೋವು ಶುರುವಾಗಿ, ವಾಂತಿ ಭೇದಿ ಎರಡೂ ಆಗಿ ಮಗು ಸುಸ್ತಾಗಿ ಮಲಗಿತ್ತು.

ನಾನು ತಲೆಯ ಮೇಲೆ ಕೈ ಹೊತ್ತು ಕೂತೆ. ಪುಸ್ತಕ ತೆಗೆದು ಒಂದೊಂದೇ ಸಾಮಾನಿನ ಮುಂದೆ ಬೆರಳಿಟ್ಟುಕೊಂಡು ಬಂದೆ. ಬೆರಳು ರಾಗಿಯ ಹತ್ತಿರ ನಿಂತಿತು. ರಾಗಿ ಡೆಂಕಣಿಕೋಟೆ ಕಡೆಯ ಅತ್ತೆಯ ತವರಿನದು, ಅದರಲ್ಲಿ ದೋಷವಿಲ್ಲ. ಆದರೆ ಬೀಸಿಸಿದ್ದು ಬೀದಿಯ ಹಿಟ್ಟಿನ ಮಿಷಿನ್ನಿನಲ್ಲಿ. ಹೋಗಿ ಕೇಳಿದೆ.

“ನನ್ ರಾಗಿ ಬೀಸೋಕೆ ಮುಂಚೆ ಏನ್ ಬೀಸಿದ್ರಿ?”

ಮಿಷಿನ್ನಿನವರು ನಕ್ಕರು. “ಏನಕ್ಕಾ ಹಿಂಗ್ ಕೇಳ್ತೀಯಾ? ಇಲ್ಲಿ ಬರೋದೇ ಅರ್ಧ ಗೋಧಿ. ಹಿಂದಿನೋರ್ ಹಿಟ್ಟು ಹೋಗ್ಲಿ ಅಂತ ಮೊದಲ್ನೇ ಬೊಗಸೆ ತೆಗೆದು ಕಡೀಕ್ ಇಡ್ತೀನಲ್ಲ. ಅಷ್ಟ್ ಸಾಲ್ದಾ?”

ನಮಗೆ ನಿಮಗೆ ಸಾಲುತ್ತದೆ. ಆ ಹುಡುಗಿಗೆ ಸಾಲುವುದಿಲ್ಲ. ಅವರ ತಪ್ಪೇನೂ ಇರಲಿಲ್ಲ, ಕೇಳದೆ ಬೀಸಿಸಿದ್ದು ನಾನು.

ಮನೆಗೆ ಬಂದು ಅಟ್ಟದ ಮೇಲಿದ್ದ ಬೀಸುವ ಕಲ್ಲು ಇಳಿಸಿದೆ. ಅದೂ ಅತ್ತೆಯ ತವರಿನದೇ, ರಾಗಿ ಬಿಟ್ಟು ಬೇರೆ ಕಾಳು ಕಾಣದ ಕಲ್ಲು. ಮೂರು ನೀರಿನಲ್ಲಿ ತೊಳೆದು, ಎರಡು ದಿನ ಬಿಸಿಲಿಗಿಟ್ಟು, ನಾನೂ ಅತ್ತೆಯೂ ಎದುರುಬದುರು ಕೂತು ಬೀಸಿದೆವು. ನನ್ನ ರಟ್ಟೆ ಬಿದ್ದುಹೋಯಿತು. ಅತ್ತೆ ಏದುಸಿರೂ ಬಿಡದೆ ಬೀಸುತ್ತ, “ಅಷ್ಟ್ಕೇ ಸೋತೋದ್ಯಾ? ನಾವು ದಿನಾ ಬೆಳಗ್ಗೆ ಮೂರು ಸೇರು ಬೀಸಿ ಹೊಲಕ್ ಹೋಗ್ತಿದ್ವಿ” ಅಂದರು. ಮಿಕ್ಸಿಗೆ ಹೊಸ ಜಾರು ತಂದೆ. ಹೊಸ ಬಾಣಲೆ ತಂದೆ. ಹಳೆಯ ಮರದ ಸೌಟು, ಚಪಾತಿ ಮಣೆ ಎಲ್ಲವನ್ನೂ ಕೋಣೆಯಿಂದ ಆಚೆ ಹಾಕಿದೆ. ಮೂರು ವಾರ ಬಿಟ್ಟು, ಹುಡುಗಿ ಚೇತರಿಸಿಕೊಂಡ ಮೇಲೆ ಮತ್ತೆ ಮಾಡಿದೆ. ಅವಳು ಮೊದಲು ಬೇಡವೇ ಬೇಡ ಅಂದಳಂತೆ. ಅಮ್ಮ ಗೋಗರೆದ ಮೇಲೆ ಎರಡು ತಿಂದಳಂತೆ.

ಮತ್ತೆ ಅದೇ ಫೋನು, ಅದೇ ನೋವು.

ಇಲ್ಲಿ ನಾನು ಮಾಡಿದ ಕೆಲಸ ಬರೆಯುವುದಕ್ಕೆ ನಾಚಿಕೆಯಾಗುತ್ತದೆ. ಆದರೂ ಬರೆಯಬೇಕು. ಕಲ್ಲು ತೊಳೆದವಳು ನಾನು, ಬೀಸಿದವಳು ನಾನು, ಪಾತ್ರೆ ಬದಲಿಸಿದವಳು ನಾನು. ಇಷ್ಟೆಲ್ಲ ಮಾಡಿದ ಮೇಲೂ ತಪ್ಪು ನನ್ನ ಕೋಣೆಯಲ್ಲೇ ಇದೆ ಅಂದರೆ ನಂಬಲು ನನ್ನ ಜಂಬ ಒಪ್ಪಲಿಲ್ಲ. “ನನ್ನ ಕಡೆಯಿಂದ ಗೋಧಿ ಹೋಗೋಕೆ ಸಾಧ್ಯಾನೇ ಇಲ್ಲ ಟೀಚರ್” ಅಂದೆ. “ಸ್ಕೂಲಲ್ಲಿ ಏನಾದ್ರೂ ತಿಂದಿರ್ಬೇಕು. ಮಕ್ಕಳಲ್ವಾ, ಆಸೆ ಇರ್ತದೆ. ಒಂದ್ಸಲ ಕೇಳಿ ನೋಡಿ.”

ಕೇಳಿ ನೋಡಿ ಅಂದಿದ್ದು ನಾನು. ಟೀಚರು ಕೇಳಿದ್ದು ಹೇಗೆ ಅಂತ ನನಗೆ ಗೊತ್ತಾದದ್ದು ಆಮೇಲೆ. ಹುಡುಗಿಯ ಬ್ಯಾಗು ಝಾಡಿಸಿದ್ದಾರೆ. ತಳದಲ್ಲಿ ಬಿಸ್ಕತ್ತಿನ ಖಾಲಿ ಕವರು ಸಿಕ್ಕಿದೆ. ಅದು ಫ್ರೆಂಡಿನದು, ಬಣ್ಣದ ಕಾಗದ ಅಂತ ಇಟ್ಟುಕೊಂಡಿದ್ದೆ ಅಂದಿದ್ದಾಳೆ. ದೇವರ ಮುಂದೆ ಕರ್ಪೂರ ಹಚ್ಚಿಸಿ ಆಣೆ ಹಾಕು ಅಂದಿದ್ದಾರೆ. ಹಾಕಿದ್ದಾಳೆ. ಸುಳ್ಳಾಣೆ ಬೇರೆ ಹಾಕ್ತೀಯಾ ಅಂತ ಅವಳ ಅಪ್ಪನ ಮುಂದೆಯೇ ಎರಡೇಟು ಬಿಟ್ಟಿದ್ದಾರೆ. ಅವತ್ತಿನಿಂದ ಹುಡುಗಿ ಗಂಜಿಯನ್ನೂ ಅರ್ಧಕ್ಕೆ ಬಿಡಲು ಶುರುಮಾಡಿದಳು.

“ಅಕ್ಕಾ, ಇನ್ನು ಸಾಸೇಜು ಬೇಡ” ಅಂತ ಟೀಚರು ಹೇಳಿ ಕಳಿಸಿದರು. ಅಲ್ಲಿಗೆ ಬಿಟ್ಟುಬಿಡಬಹುದಿತ್ತು. ಆದರೆ ಮಾಡುತ್ತೇನೆ ಅಂತ ಬಾಯಿಬಿಟ್ಟು ಹೇಳಿದ್ದನ್ನು ಮಾಡದೆ ಬಿಟ್ಟರೆ ನನಗೆ ಊಟ ಸೇರುವುದಿಲ್ಲ. ಯಾರಿಗೂ ಹೇಳದೆ ಇನ್ನೊಂದು ಸಲ ಮಾಡಲು ಕೂತೆ. ಹಿಂದಿನ ಎರಡು ಸಲವೂ ಇಂಗು ಒಂದು ಕಡೆ ಹೆಚ್ಚು, ಒಂದು ಕಡೆ ಕಡಿಮೆ ಆಗಿತ್ತು. ಈ ಸಲ ಪುಡಿಯನ್ನು ನೇರವಾಗಿ ಉದುರಿಸುವ ಬದಲು ಒಂದು ಲೋಟ ನೀರಿನಲ್ಲಿ ನೆನೆಹಾಕಿದೆ. ಶುಂಠಿ ಹೆರೆದು, ಮೆಣಸು ಕುಟ್ಟಿ ಬರುವಷ್ಟರಲ್ಲಿ ಲೋಟದ ತಳದಲ್ಲಿ ಬೆಳ್ಳಗೆ ಏನೋ ಪದರ ಕೂತಿತ್ತು.

ಬೆರಳಿನಲ್ಲಿ ತೆಗೆದು ಉಜ್ಜಿದೆ. ನುಣ್ಣಗೆ, ಜಿಗುಟು ಜಿಗುಟು. ಒಲೆಯ ಮೇಲಿಟ್ಟೆ. ನಿಮಿಷದಲ್ಲಿ ಗಂಜಿಯ ಹಾಗೆ ಗಟ್ಟಿಯಾಗಿ, ಪೋಸ್ಟರು ಅಂಟಿಸುವ ಅಂಟಿನ ಹಾಗೆ ಕೊತಕೊತ ಕುದಿಯಿತು.

“ಅತ್ತೆ, ಇಂಗಲ್ಲಿ ಹಿಟ್ಟಿರ್ತದಾ?” ಅಂದೆ.

ಅವರು ಬಂದು ಬಗ್ಗಿ ನೋಡಿದರು. “ಅಯ್ಯೋ ಶಿವನೆ! ಇಂಗಂದ್ರೆ ಗಿಡದ್ ಅಂಟು ಕಣಮ್ಮ. ನೀರಲ್ ಕರಗ್ಬೇಕು. ಇದು ಮೈದಾ ಮೈದಾ ಇದ್ದಂಗದೆ.”

ಡಬ್ಬಿಯ ಮೇಲೆ ಏನೂ ಬರೆದಿರಲಿಲ್ಲ. ಹೇಗೆ ಇರುತ್ತದೆ? ಇಂಗು ತಂದ ದಿನವೇ ಹಳೆಯ ಡಬ್ಬಿಗೆ ಸುರಿದು ಪ್ಯಾಕೆಟ್ಟು ಎಸೆಯುವುದು ನಮ್ಮ ಮನೆಯಲ್ಲಿ ಅತ್ತೆಯ ಕಾಲದಿಂದ ನಡೆದುಬಂದದ್ದು. ಅಕ್ಕಪಕ್ಕದ ಮನೆಗಳಲ್ಲೂ ಹಾಗೆಯೇ. ಅಂಗಡಿಗೆ ಓಡಿದೆ. ಅಂಗಡಿಯವರು ತಮಿಳರು. ಇಂಗು ಅಂದರೆ ಅವರಿಗೆ ಪೆರುಂಗಾಯಂ. ಅವರ ಹತ್ತಿರ ಇದ್ದ ನಾಲ್ಕು ಬಗೆಯ ಪ್ಯಾಕೆಟ್ಟನ್ನೂ ತೆಗೆಸಿ, ಕನ್ನಡಕ ಮೇಲೆ ಕೆಳಗೆ ಮಾಡಿ ಓದಿದೆ. ಇರುವೆ ಸಾಲಿನಂಥ ಇಂಗ್ಲಿಷ್ ಅಕ್ಷರದಲ್ಲಿ ಮೂರರಲ್ಲಿ ಗೋಧಿ ಹಿಟ್ಟು ಅಂತ ಇತ್ತು, ಒಂದರಲ್ಲಿ ಅಕ್ಕಿ ಹಿಟ್ಟು. ನಾನು ಯಾವಾಗಲೂ ಒಯ್ಯುತ್ತಿದ್ದುದು ಆ ಮೂರರಲ್ಲಿ ಒಂದು.

“ಬರೀ ಇಂಗು ಯಾರೂ ತಿನ್ನಕ್ಕಾಗಲ್ಲ ಅಕ್ಕಾ, ಘಾಟು ಜಾಸ್ತಿ. ಹಿಟ್ಟು ಹಾಕಿದ್ರೆ ತಾನೆ ಪುಡಿ ಆಗೋದು. ಎಲ್ಲಾರ್ಗೂ ತೆರಿಯುಮೇ” ಅಂದರು ಅವರು, ಕನ್ನಡದಲ್ಲಿ ಶುರುಮಾಡಿ ತಮಿಳಿನಲ್ಲಿ ಮುಗಿಸುತ್ತ. ಎಲ್ಲರಿಗೂ ಗೊತ್ತಂತೆ. ಇಪ್ಪತ್ತೈದು ವರ್ಷ ಒಲೆ ಮುಂದೆ ನಿಂತ ನನಗೆ ಗೊತ್ತಿರಲಿಲ್ಲ. ಬೆಳ್ಳುಳ್ಳಿಯಿಂದ ಕಾಪಾಡುತ್ತೇನೆ ಅಂತ ಹೋಗಿ, ಯಾವುದು ಸೋಕಲೇಬಾರದೋ ಅದನ್ನೇ ಚಮಚ ಚಮಚ ಉಣಿಸಿದ್ದೆ.

ಅಂಗಡಿಯಿಂದ ಮನೆಗೆ ಬರುವ ದಾರಿಯಲ್ಲಿ ಎರಡು ತೀರ್ಮಾನ ಮಾಡಿದೆ. ಪುಡಿಯಾಗಿ ಬಂದದ್ದು ಯಾವುದೂ ಇನ್ನು ನನ್ನ ಸಾಸೇಜಿಗೆ ಬೇಡ, ಇಡಿಯಾಗಿ ಕಣ್ಣಿಗೆ ಕಾಣುವುದು ಮಾತ್ರ ಸಾಕು. ಇಂಗು ಆಚೆ. ಮೆಣಸು ಇಡಿ, ಧನಿಯ ಇಡಿ, ಶುಂಠಿ ಬೇರು, ಕರಿಬೇವು ಗಿಡದಿಂದ. ಎರಡನೆಯದು, ಇವತ್ತೇ ಟೀಚರ ಮನೆಗೆ ಹೋಗಿ ಹೇಳಬೇಕು. ಆ ಎರಡನೆಯದಕ್ಕೆ ಕಾಲು ಏಳಲಿಲ್ಲ. ಹೇಳಿದರೆ ಹೊಸೂರಿನಲ್ಲಿ ಇನ್ಯಾರೂ ನನ್ನ ಕೈಯ ಊಟ ನಂಬುವುದಿಲ್ಲ ಅನ್ನಿಸಿತು. ಮನೆಯಲ್ಲಿ ನನ್ನಿಂದ ಎಲ್ಲ ಕೇಳಿದ ಅತ್ತೆ ಪಾತ್ರೆ ಬೆಳಗುತ್ತ, “ಯಾಕ್ ನಿಂತೆ? ಹೋಗ್ಬುಟ್ ಬಾ. ಆ ಮಗಾ ಮಾಡ್ದೆ ಇರೋ ತಪ್ಪಿಗ್ ಹೊಡ್ತ ತಿಂದದೆ” ಅಂದರು. ಹುಡುಗಿಗೆ ಹೊಡೆತ ಬಿದ್ದ ಸುದ್ದಿ ನನಗೆ ಗೊತ್ತಾದದ್ದು ಆಗಲೇ. ಹೂವಿನವಳ ಬಾಯಿಂದ ಅತ್ತೆಯ ಕಿವಿಗೆ ಬಿದ್ದಿತ್ತಂತೆ.

ಇಂಗಿನ ಡಬ್ಬಿ, ಅಂಗಡಿಯಿಂದ ಕೊಂಡು ತಂದ ಅದೇ ಇಂಗಿನ ಪ್ಯಾಕೆಟ್ಟು, ಲೋಟದ ತಳದ ಅಂಟು ಮೂರನ್ನೂ ತೆಗೆದುಕೊಂಡು ಹೋದೆ. ಟೀಚರು ಪ್ಯಾಕೆಟ್ಟು ಓದಿದರು. ಮುಖ ಬಿಳಿಚಿಕೊಂಡಿತು, ಆಮೇಲೆ ಕೆಂಪಾಯಿತು.

“ಸ್ಕೂಲಲ್ಲಿ ತಿಂದಿರ್ಬೇಕು ಅಂತ ಹೇಳಿದ್ದು ನೀವೇ ಅಕ್ಕಾ.”

“ಹೌದು ಟೀಚರ್, ನಾನೇ. ನನ್ ತಪ್ಪು ಮಗೂನ ಮೇಲೆ ಹಾಕ್ಬುಟ್ಟೆ.”

“ನಾನು ಅವಳನ್ನ...” ಅಂದವರು ನನ್ನ ಕಡೆ ತಿರುಗಿದರು. ನನ್ನನ್ನು ಬಯ್ಯಲು ಶುರುಮಾಡಿದರು. ಬಯ್ಯಿಸಿಕೊಂಡೆ. ಅರ್ಧ ಬೈಗುಳ ನನಗಾದರೆ ಇನ್ನರ್ಧ ಅವರು ತಮಗೇ ಬಯ್ದುಕೊಂಡದ್ದು ಅಂತ ನನಗೆ ಗೊತ್ತಾಗುತ್ತಿತ್ತು.

ಹುಡುಗಿ ಒಳಕೋಣೆಯಲ್ಲಿದ್ದಳು. ಮಂಚದ ಮೇಲೆ ಮಂಡಿಗೆ ಗಲ್ಲ ಊರಿಕೊಂಡು ಕೂತಿದ್ದಳು. ತೋಳು ಕಡ್ಡಿಯಾಗಿತ್ತು. ನಾನು ನೆಲದ ಮೇಲೆ ಕೂತು ಎಲ್ಲವನ್ನೂ ಹೇಳಿದೆ. ಡಬ್ಬಿ ತೋರಿಸಿದೆ, ಅಂಟು ತೋರಿಸಿದೆ. “ನೀನು ನಿಜ ಹೇಳಿದ್ದೆ. ನಾನೇ ಸುಳ್ಳಿ. ತಪ್ಪಾಯ್ತು ಕಣಮ್ಮ” ಅಂದೆ.

ಅವಳು ಅಂಟನ್ನು ಬೆರಳಿನಲ್ಲಿ ಮುಟ್ಟಿ ನೋಡಿ ಹೊದಿಕೆಗೆ ಒರೆಸಿಕೊಂಡಳು. “ಇನ್ನೊಂದ್ಸಲ ಮಾಡ್ತೀರಾ?” ಅಂದಳು.

“ನೀನು ಹೂಂ ಅಂದ್ರೆ.”

“ನಾನ್ ಬಂದು ನೋಡ್ತೀನಿ. ಎಲ್ಲಾನೂ ನೋಡ್ತೀನಿ.”

ಭಾನುವಾರ ಅಮ್ಮನ ಜೊತೆ ಬಂದಳು. ಅಮ್ಮ ಮೆಟ್ಟಿಲ ಮೇಲೆಯೇ ಕೂತರು. ಹುಡುಗಿ ಮಾತ್ರ ಒಳಗೆ ಬಂದು ಸ್ಟೂಲು ಎಳೆದುಕೊಂಡು ಕೂತು, ಇನ್ಸ್‌ಪೆಕ್ಟರ್ ಥರ ಒಂದೊಂದೇ ಕೇಳಿದಳು. ಈ ಉಪ್ಪು ಯಾವುದು, ಈ ಚಾಕುವಿನಲ್ಲಿ ಬ್ರೆಡ್ಡು ಕೊಯ್ದಿದ್ದೀರಾ, ಈ ಬಟ್ಟೆ ಯಾವಾಗ ಒಗೆದದ್ದು. ಮೆಣಸನ್ನು ಅಂಗೈಯಲ್ಲಿ ಹರಡಿ ಕಲ್ಲು ಕಸ ಹುಡುಕಿದಳು. ಎಣ್ಣೆಯ ಪ್ಯಾಕೆಟ್ಟನ್ನು ಹಿಂದೆ ಮುಂದೆ ಓದಿದಳು. ನಾನು ಕೊತ್ತಂಬರಿ ಬೀಜ ಹುರಿಯುವಾಗ, “ಹುರಿಯೋ ಬಾಣಲಿ?” ಅಂದಳು. ಹೊಸದು ಅಂದೆ, ಇಂಗು ತಾಗಿದ್ದ ಜಾರು ಬಾಣಲೆ ಎರಡನ್ನೂ ಮತ್ತೆ ಬದಲಿಸಿದ್ದೆ. ಬಿಲ್ಲು ಕೇಳಲಿಲ್ಲ, ಅಷ್ಟೇ ಪುಣ್ಯ. ಅತ್ತೆ ನಗು ತಡೆಯಲಾರದೆ ಹಿತ್ತಲಿಗೆ ಹೋದರು.

ಮಾಂಸ ನಾದುವಾಗ ಅವಳೂ ಕೈ ಹಾಕಿದಳು. ಐಸು ತಣ್ಣಗಿದೆ ಅಂತ ಕಿರುಚಿದಳು, ಆದರೆ ಕೈ ತೆಗೆಯಲಿಲ್ಲ. ಎಲೆಗೆ ಸುತ್ತಿ ನಾರು ಕಟ್ಟುವುದು ನನಗಿಂತ ಅವಳಿಗೇ ಚೆನ್ನಾಗಿ ಬಂತು. ಇಂಗಿಲ್ಲದ ಕೊರತೆಯನ್ನು ಕರಿಬೇವು, ಶುಂಠಿ ಸಾಕಷ್ಟು ತುಂಬಿದವು. ಬೆಂದ ಮೇಲೆ ನಾನೇ ಎರಡು ಬೆರಳಷ್ಟು ಮುರಿದು ಕೊಟ್ಟೆ. “ಇವತ್ತು ಇಷ್ಟೇ. ಎರಡು ದಿನ ನೋಡೋಣ.” ನನ್ನ ಮುಖವನ್ನೇ ನೋಡುತ್ತ ಬಾಯಿಗೆ ಹಾಕಿಕೊಂಡು ನಿಧಾನವಾಗಿ ಅಗಿದಳು.

ಆ ಎರಡು ದಿನ ಫೋನು ಬಡಿದುಕೊಂಡಾಗಲೆಲ್ಲ ನನ್ನ ಜೀವ ಬಾಯಿಗೆ ಬರುತ್ತಿತ್ತು. ಸೋಮವಾರ ಏನೂ ಇಲ್ಲ. ಮಂಗಳವಾರ ಏನೂ ಇಲ್ಲ. ಬುಧವಾರ ಸಂಜೆ ಟೀಚರು ಫೋನು ಮಾಡಿ, “ಚೆನ್ನಾಗಿದ್ದಾಳೆ ಅಕ್ಕಾ, ಸ್ಕೂಲಿಗೂ ಹೋಗ್ ಬಂದ್ಲು” ಅಂದರು. ಫ್ರೀಜರಿನಲ್ಲಿದ್ದುದನ್ನು ಬಾಕ್ಸಿಗೆ ತುಂಬಿ ಹೊಸ ಬಾಣಲೆಯ ಸಮೇತ ಅವರ ಮನೆಗೆ ಹೊರಟೆ.

ಅವರ ಒಲೆಯ ಮೇಲೆ ನಾನೇ ಹೊರಳಿಸಿ ಕೆಂಪಗೆ ಮಾಡಿ, ನಾಲ್ಕನ್ನು ತಟ್ಟೆಗೆ ಹಾಕಿ ಹುಡುಗಿಯ ಮುಂದಿಟ್ಟೆ. ಟೀಚರು ಎದುರಿಗೆ ಕೂತರು. ಅಪ್ಪ ಮುಂದಿನ ಕೋಣೆಯಲ್ಲಿ ಟೀವಿ ನೋಡುತ್ತಿದ್ದರು. ಹುಡುಗಿ ತಟ್ಟೆಯನ್ನು ನೋಡಿದಳು, ಮೂಗಿನ ಹತ್ತಿರ ಒಯ್ದು ಮೂಸಿದಳು, ಆಮೇಲೆ ಎರಡು ಕೈಯಲ್ಲೂ ಅಮ್ಮನ ಕಡೆಗೆ ತಳ್ಳಿದಳು.

“ಯಾಕೆ ಚಿನ್ನ? ಭಯಾನಾ? ಭಾನುವಾರ ತಿಂದ್ಯಲ್ಲ, ಏನೂ ಆಗ್ಲಿಲ್ಲ” ಅಂದರು ಟೀಚರು.

“ಆಂಟಿ ಹೇಳಿದ್ರು, ತಪ್ಪಾಯ್ತು ಅಂತ. ನೀನ್ ಹೇಳ್ಲಿಲ್ಲ.”

ಟೀಚರು ನನ್ನ ಕಡೆ ನೋಡಿದರು. ನಾನು ಸ್ಟವ್ ಒರೆಸುವ ಹಾಗೆ ಮಾಡಿ ಬೆನ್ನು ತಿರುಗಿಸಿದೆ.

“ಗೊತ್ತಾಯ್ತಲ್ಲ ಬಿಡು ಪುಟ್ಟಾ, ಇಂಗಿಂದ ಆಗಿದ್ದು ಅಂತ...”

“ಹಂಗಲ್ಲ. ನಾನ್ ಕದ್ದು ತಿಂದಿಲ್ಲ ಅಂತ ಹೇಳು.”

ನಲವತ್ತು ಮಕ್ಕಳನ್ನು ಒಂದೇ ಕೂಗಿಗೆ ಸುಮ್ಮನಾಗಿಸುವ ಟೀಚರು ದನಿ ತಗ್ಗಿಸಿ ಹೇಳಿದರು. “ನೀನು ಕದ್ದು ತಿಂದಿರ್ಲಿಲ್ಲ. ನಿಜಾನೇ ಹೇಳಿದ್ದೆ. ನಾನು ನಂಬ್ಲಿಲ್ಲ, ಹೊಡೆದೆ. ತಪ್ಪು ನಂದು ಕಣೆ.”

ಹುಡುಗಿ ತಲೆ ಅಲ್ಲಾಡಿಸಿದಳು. “ಅಪ್ಪಂಗೂ ಕೇಳೋ ಹಂಗೆ ಹೇಳು. ಅಪ್ಪನ್ ಮುಂದೆ ತಾನೆ ಹೊಡ್ದಿದ್ದು.”

ಟೀಚರು ಸೆರಗಿನಲ್ಲಿ ಕಣ್ಣು ಒರೆಸಿಕೊಂಡು ಎದ್ದು ಮುಂದಿನ ಕೋಣೆಗೆ ಹೋದರು. ಟೀವಿ ಆಫ್ ಆಯಿತು. ಒಂದೊಂದು ಮಾತನ್ನೂ ಬಿಡಿಸಿ ಬಿಡಿಸಿ, ಗಟ್ಟಿಯಾಗಿ, ಕ್ಲಾಸಿನಲ್ಲಿ ಹೇಳುವ ಹಾಗೆಯೇ ಹೇಳಿದರು. ಬೀದಿಗೂ ಕೇಳಿಸಿರಬೇಕು.

ಹುಡುಗಿ ಕೊನೆಯ ಮಾತಿನವರೆಗೂ ಕಿವಿಗೊಟ್ಟು ಕೇಳಿದಳು. ಆಮೇಲೆ ತಟ್ಟೆಯನ್ನು ತನ್ನ ಕಡೆಗೆ ಎಳೆದುಕೊಂಡು ನಾಲ್ಕನ್ನೂ ತಿಂದಳು.